ತಿದ್ದಿದ ದನಿಯೂ ದನಿಯ ಸತ್ಯವೂ

ತಿದ್ದುವುದು ಉಪಾಧ್ಯಾಯವೃತ್ತಿಯ ನಿತ್ಯಕರ್ಮ. ಮೊದಲನೆಯ ದಿನ ಮಗುವಿನ ಕೈಹಿಡಿದು ಅಕ್ಷರ ತಿದ್ದಿಸುವಲ್ಲಿಂದ ತೊಡಗಿ, ಮೇಲಿನ ತರಗತಿಯ ಪ್ರಬಂಧದ ಅಂಚಿನಲ್ಲಿ ಕೆಂಪು ಶಾಯಿಯ ಗೆರೆಯೆಳೆಯುವವರೆಗೆ ನಾವು ಮಾಡುತ್ತ ಬಂದಿರುವುದು ಇದನ್ನೇ. ತಿದ್ದು ಎಂಬ ನಮ್ಮ ಕ್ರಿಯಾಪದದಲ್ಲಿ ಎರಡು ಅರ್ಥಗಳು ಒಟ್ಟಿಗೆ ವಾಸವಾಗಿರುವುದನ್ನು ಓದುಗರು ಗಮನಿಸಿರಬಹುದು. ತಪ್ಪನ್ನು ಅಳಿಸಿ ಒಪ್ಪನ್ನಿಡುವುದೂ ತಿದ್ದುವುದೇ. ಬರೆದಿಟ್ಟ ಅಕ್ಷರದ ಮೇಲೆ ಮತ್ತೆಮತ್ತೆ ಕೈಯಾಡಿಸಿ ಕೈಯನ್ನು ಪಳಗಿಸುವುದೂ ತಿದ್ದುವುದೇ. ಮೊದಲನೆಯದರಲ್ಲಿ ಬದಲಾಗುವುದು ಬರೆಹ. ಎರಡನೆಯದರಲ್ಲಿ ಬದಲಾಗುವುದು ಬರೆಯುವ ಕೈ. ಇವೆರಡೂ ಒಂದೇ ಎಂದು ನಾವು ಸಾಮಾನ್ಯವಾಗಿ ಭಾವಿಸಿರುತ್ತೇವೆ. ಒಂದಲ್ಲವೆಂಬುದು ಕೆಲವು ಸಂದರ್ಭಗಳಲ್ಲಿ ಮಾತ್ರ ಹೊರಬೀಳುತ್ತದೆ.

ಮನುಷ್ಯನ ದನಿಯನ್ನು ಇನ್ನೊಬ್ಬರು, ಅಥವಾ ಒಂದು ಯಂತ್ರ, ತಿದ್ದಿದರೆ ಅದು ಅವನ ದನಿಯಾಗಿಯೇ ಉಳಿಯುವುದೆ? ತಿದ್ದಿದ ದನಿಯನ್ನು ಲೋಕದ ಮುಂದಿಡುವುದು ಸುಳ್ಳಾಡಿದಂತಾಗುವುದೆ? ತಿದ್ದುವುದು ಎಲ್ಲಿಯವರೆಗೆ ಉಪಕಾರ, ಎಲ್ಲಿಂದ ಮುಂದಕ್ಕೆ ಅಪಹಾರ? ಈ ಪ್ರಶ್ನೆಗಳನ್ನು ನಮ್ಮ ಶಾಲೆಯ ಉದಾಹರಣೆಗಳಿಂದಲೇ ಆರಂಭಿಸಿದರೆ ನಮ್ಮ ನಮ್ಮ ಅಭಿಮಾನಗಳು ಅಡ್ಡಬರುವುದುಂಟು. ಆದಕಾರಣ ನಮ್ಮಿಂದ ಬಹುದೂರದ ಒಂದು ನಿದರ್ಶನವನ್ನು ಎತ್ತಿಕೊಳ್ಳೋಣ. ಅದು ೧೯೯೮ರಲ್ಲಿ ಇಂಗ್ಲೆಂಡಿನಲ್ಲಿ ಸಿದ್ಧವಾಗಿ ಲೋಕದ ನರ್ತನಶಾಲೆಗಳನ್ನೆಲ್ಲ ತುಂಬಿದ ಒಂದು ಹಾಡು. ಕುಣಿತದ ಹಾಡಿಗೂ ಧರ್ಮವಿಚಾರಕ್ಕೂ ಎಲ್ಲಿಯ ಸಂಬಂಧವೆಂದು ಕೆಲವರು ಹಿರಿಯರು ಹುಬ್ಬೇರಿಸಬಹುದು. ಸತ್ಯಾಸತ್ಯದ ಪ್ರಶ್ನೆ ಕುಲವನ್ನು ಕೇಳಿ ಬರುವುದಿಲ್ಲ; ಅದು ದೇವಸ್ಥಾನದ ಜಗಲಿಯಲ್ಲಿ ಏಳುವಂತೆಯೇ ಸಂತೆಯ ಬೀದಿಯಲ್ಲಿಯೂ ಏಳುತ್ತದೆ ಎಂಬುದೊಂದೇ ನಮ್ಮ ಸಮಾಧಾನ.

ಹಾಡಿನ ಹೆಸರು 'ಬಿಲೀವ್'; ನಂಬು ಎಂದರ್ಥ. ಹಾಡಿದಾಕೆ ಶೆರ್ ಎಂಬ ಅಮೆರಿಕದ ಗಾಯಕಿ. ಈಕೆ ೧೯೪೬ರಲ್ಲಿ ಕ್ಯಾಲಿಫೋರ್ನಿಯದ ಎಲ್ ಸೆಂಟ್ರೋ ಎಂಬಲ್ಲಿ ಹುಟ್ಟಿದವಳು. ತಂದೆಯ ಕಡೆಯಿಂದ ಆರ್ಮೇನಿಯದ ಮೂಲದವಳು. ೧೯೬೫ರಲ್ಲಿ ಸನ್ನಿ ಬೋನೋ ಎಂಬವನೊಡನೆ ಕೂಡಿ ಹಾಡಿದ 'ಐ ಗಾಟ್ ಯೂ ಬೇಬ್' ಎಂಬ ಯುಗಳಗೀತದಿಂದ ಆಕೆಯ ಹೆಸರು ದೇಶದೇಶಗಳಿಗೆ ಹಬ್ಬಿತು. ಆಮೇಲೆ ಒಂಟಿಯಾಗಿ ಹಾಡಿದಳು, ಚಲನಚಿತ್ರಗಳಲ್ಲಿ ನಟಿಸಿದಳು, 'ಮೂನ್‌ಸ್ಟ್ರಕ್' ಎಂಬ ಚಿತ್ರದ ಅಭಿನಯಕ್ಕಾಗಿ ೧೯೮೮ರಲ್ಲಿ ಶ್ರೇಷ್ಠ ನಟಿಯೆಂಬ ಆಸ್ಕರ್ ಪ್ರಶಸ್ತಿಯನ್ನು ಪಡೆದಳು. ಆದರೆ ೧೯೭೪ರ ಬಳಿಕ ಅಮೆರಿಕದ ಜನಪ್ರಿಯ ಗೀತಗಳ ಪಟ್ಟಿಯಲ್ಲಿ ಆಕೆಗೆ ಮೊದಲನೆಯ ಸ್ಥಾನ ಮತ್ತೆ ದೊರೆತಿರಲಿಲ್ಲ. ೧೯೯೮ರಲ್ಲಿ ಆಕೆಗೆ ಐವತ್ತೆರಡು ವರ್ಷ. ಇಪ್ಪತ್ತರ ಹರೆಯವನ್ನೇ ಬಂಡವಾಳವಾಗಿ ಬಗೆಯುವ ಆ ವ್ಯಾಪಾರದಲ್ಲಿ ಇದು ಅಸ್ತಮಾನದ ವಯಸ್ಸೆಂದೇ ಲೆಕ್ಕ.

ಹಾಡನ್ನು ರಚಿಸಿದವರೆಂದು ಆರು ಮಂದಿಯ ಹೆಸರುಗಳು ದಾಖಲಾಗಿವೆ. ಲಂಡನ್ನಿನಲ್ಲಿ ಅದನ್ನು ಧ್ವನಿಮುದ್ರಿಸಿ ಸಿದ್ಧಪಡಿಸಿದವರು ಮಾರ್ಕ್ ಟೇಲರ್ ಮತ್ತು ಬ್ರಯನ್ ರಾಲಿಂಗ್ ಎಂಬಿಬ್ಬರು. ಒಲುಮೆ ಮುರಿದುಬಿದ್ದ ಮೇಲೆ ಒಬ್ಬ ಹೆಂಗಸು ತನ್ನ ಕಾಲಮೇಲೆ ತಾನು ನಿಲ್ಲಬಲ್ಲೆನೆ ಎಂದು ತನ್ನನ್ನೇ ಕೇಳಿಕೊಂಡು, ನಿಲ್ಲಬಲ್ಲೆನೆಂಬ ಉತ್ತರದ ಕಡೆಗೆ ಹೆಜ್ಜೆಯಿಡುವುದು ಅದರ ಸಾರಾಂಶ. ವಸ್ತು ಹೊಸದಲ್ಲ. ಆದರೂ ೧೯೯೮ರ ಅಕ್ಟೋಬರಿನಲ್ಲಿ ಹೊರಬಂದ ಈ ಹಾಡು ಇಂಗ್ಲೆಂಡಿನ ಪಟ್ಟಿಯಲ್ಲಿ ಏಳು ವಾರಗಳ ಕಾಲವೂ, ೧೯೯೯ರ ಮಾರ್ಚಿನಿಂದ ಅಮೆರಿಕದ ಪಟ್ಟಿಯಲ್ಲಿ ನಾಲ್ಕು ವಾರಗಳ ಕಾಲವೂ ಮೊದಲನೆಯದಾಗಿ ನಿಂತಿತು. ಜಗತ್ತಿನಾದ್ಯಂತ ಅದರ ಒಂದು ಕೋಟಿಗೂ ಮಿಕ್ಕಿದ ಪ್ರತಿಗಳು ಮಾರಾಟವಾದುವು. ೨೦೦೦ದಲ್ಲಿ ಶ್ರೇಷ್ಠ ನರ್ತನಗೀತವೆಂದು ಗ್ರ್ಯಾಮಿ ಪ್ರಶಸ್ತಿಯೂ ಬಂದಿತು.

ಇಷ್ಟು ಜನರನ್ನು ಸೆಳೆದುದು ಯಾವುದು? ತಾಳವೂ ರಾಗವೂ ಇದ್ದೇ ಇದ್ದುವು. ಆದರೆ ಕೇಳಿದವರ ಕಿವಿಯಲ್ಲಿ ಮೊಳೆಯಂತೆ ನೆಟ್ಟುದು ಬೇರೊಂದು. ಹಾಡಿನ ನಡುನಡುವೆ ಆಕೆಯ ದನಿ ಇದ್ದಕ್ಕಿದ್ದಂತೆ ಮನುಷ್ಯಕಂಠದ ಹದವನ್ನು ಬಿಟ್ಟು, ಲೋಹದ ಹಾಳೆಯ ಮೇಲೆ ಪುಟಿಯುವ ಗೋಲಿಯಂತೆ ಒಂದು ಸ್ವರದಿಂದ ಇನ್ನೊಂದು ಸ್ವರಕ್ಕೆ ನೆಗೆಯುತ್ತದೆ. ಸ್ವರದಿಂದ ಸ್ವರಕ್ಕೆ ಇಳಿಜಾರಿಲ್ಲ, ಮೆಟ್ಟಿಲುಗಳು ಮಾತ್ರ. ಹೆಣ್ಣಿನ ದನಿಯೂ ಹೌದು, ಯಂತ್ರದ ದನಿಯೂ ಹೌದು ಎನ್ನುವಂತಹ ಈ ನಾದ ಅದುವರೆಗೆ ಜನಪ್ರಿಯ ಗೀತಗಳಲ್ಲಿ ಹೀಗೆ ಕೇಳಿಬಂದಿರಲಿಲ್ಲ.

ಇದನ್ನು ಉಂಟುಮಾಡಿದ ಉಪಕರಣದ ವೃತ್ತಾಂತ ಸ್ವಾರಸ್ಯವಾಗಿದೆ. ಆಂಡಿ ಹಿಲ್ಡಿಬ್ರಾಂಡ್ ಎಂಬ ವಿಜ್ಞಾನಿ ಮೊದಲು ದುಡಿದುದು ಭೂಗರ್ಭದ ಎಣ್ಣೆಯನ್ನು ಹುಡುಕುವವರ ಬಳಿ. ಸ್ಫೋಟಗಳಿಂದ ಭೂಮಿಯೊಳಕ್ಕೆ ಶಬ್ದತರಂಗಗಳನ್ನು ಕಳುಹಿಸಿ, ಪದರಗಳಿಗೆ ಬಡಿದು ಮರಳುವ ಪ್ರತಿಧ್ವನಿಯನ್ನು ಗಣಿತದಿಂದ ವಿಂಗಡಿಸಿ, ಎಣ್ಣೆ ಎಲ್ಲಿರಬಹುದೆಂದು ಊಹಿಸುವ ವಿದ್ಯೆ ಅದು. ಸಂಗೀತಾಭ್ಯಾಸವೂ ಇದ್ದ ಈತ ಆ ಕೆಲಸವನ್ನು ಬಿಟ್ಟ ಬಳಿಕ ಅದೇ ಬಗೆಯ ಗಣಿತವನ್ನು ಕಂಠಸ್ವರಕ್ಕೆ ಅನ್ವಯಿಸಿ, ೧೯೯೭ರಲ್ಲಿ 'ಆಟೋ-ಟ್ಯೂನ್' ಎಂಬ ಗಣಕಯಂತ್ರದ ಉಪಕರಣವನ್ನು ಹೊರತಂದನು. ತನ್ನನ್ನು ಶ್ರುತಿಬದ್ಧವಾಗಿ ಹಾಡಿಸುವ ಪೆಟ್ಟಿಗೆಯೊಂದನ್ನು ಮಾಡಿಕೊಡಬಾರದೆ ಎಂದು ಊಟದ ವೇಳೆ ಪರಿಚಿತ ಮಹಿಳೆಯೊಬ್ಬಳು ಆಡಿದ ಹಾಸ್ಯದ ಮಾತೇ ಇದಕ್ಕೆ ಬೀಜವೆಂದು ಆತನೇ ಹೇಳಿದ್ದುಂಟು.

ಅದು ಕೆಲಸಮಾಡುವ ಕ್ರಮವನ್ನು ವಿದ್ಯಾರ್ಥಿಗಳು ಸುಲಭವಾಗಿ ಗ್ರಹಿಸಬಹುದು. ಸ್ವರವೆಂದರೆ ಸೆಕೆಂಡಿಗೆ ಇಷ್ಟು ಕಂಪನಗಳೆಂಬ ಒಂದು ಸಂಖ್ಯೆ. ಪಾಶ್ಚಾತ್ಯರು ತಮ್ಮ ವಾದ್ಯಗಳನ್ನು ಹೊಂದಿಸಿಕೊಳ್ಳುವ ಸ್ವರಕ್ಕೆ ೪೪೦ ಕಂಪನಗಳು. ಅದರ ಕೆಳಗಣ ಮೆಟ್ಟಿಲಿಗೆ ಸುಮಾರು ೪೧೫. ಹಾಡುವವಳ ದನಿ ೪೩೦ರಲ್ಲಿ ನಿಂತಿತೆನ್ನೋಣ. ಯಂತ್ರ ಅದನ್ನು ಅಳೆದು, ಹತ್ತಿರದ ಮೆಟ್ಟಿಲು ೪೪೦ ಎಂದು ನಿರ್ಣಯಿಸಿ, ದನಿಯನ್ನು ಅಲ್ಲಿಗೆ ಎತ್ತಿ ಕೂರಿಸುತ್ತದೆ. ಎಷ್ಟು ಬೇಗ ಎತ್ತಬೇಕೆಂಬುದನ್ನು ನಡೆಸುವವನು ಗೊತ್ತುಮಾಡಬಹುದು. ನಿಧಾನವಾಗಿ ಎತ್ತಿದರೆ ದನಿಯ ಸಹಜವಾದ ಜಾರು ಉಳಿಯುತ್ತದೆ, ತಿದ್ದಿದ್ದು ಯಾರಿಗೂ ತಿಳಿಯುವುದಿಲ್ಲ. ಕಾಲವನ್ನೇ ಕೊಡದೆ ಎತ್ತಿದರೆ ಜಾರೆಲ್ಲ ಕತ್ತರಿಸಿಹೋಗಿ ಮೆಟ್ಟಿಲುಗಳು ಮಾತ್ರ ಉಳಿಯುತ್ತವೆ. ಉಪಕರಣವನ್ನು ನಿರ್ಮಿಸಿದುದು ಮೊದಲನೆಯ ಬಗೆಗಾಗಿ, ಎಂದರೆ ಮರೆಯಲ್ಲಿದ್ದು ತಿದ್ದುವುದಕ್ಕಾಗಿ. ಈ ಹಾಡಿನವರು ಅದನ್ನು ಎರಡನೆಯ ತುದಿಗೆ ತಿರುಗಿಸಿದರು. ಮರೆಯಲ್ಲಿರಬೇಕಾದ ಸಾಧನ ರಂಗದ ಮಧ್ಯಕ್ಕೆ ಬಂದು ನಿಂತಿತು. ಧ್ವನಿಮುದ್ರಿಕೆಯ ಸಂಸ್ಥೆಯವರಿಗೆ ಇದು ರುಚಿಸಲಿಲ್ಲ. ತೆಗೆದುಹಾಕಬೇಕೆಂಬ ಸೂಚನೆ ಬಂದಿತು. ಗಾಯಕಿ ಜಪ್ಪಯ್ಯ ಎಂದರೂ ಒಪ್ಪಲಿಲ್ಲ.

ಇನ್ನು ಪ್ರಶ್ನೆಗೆ ಬರೋಣ. ಇದು ವಂಚನೆಯೆ?

ವಂಚನೆಯೆನ್ನುವವರ ವಾದ ಹೀಗಿದೆ. ಕೇಳುಗನು ಹಣ ತೆತ್ತು ಕೊಳ್ಳುವುದು ಗಾಯಕಿಯ ಕಂಠವನ್ನು. ಆ ಕಂಠ ಸ್ವಂತ ಸಾಧನೆಯಿಂದ ಮುಟ್ಟದ ಸ್ಥಾನವನ್ನು ಯಂತ್ರ ಮುಟ್ಟಿಸಿದರೆ, ಕೊಂಡವನಿಗೆ ದೊರೆತುದು ಬೇರೆ ಸರಕು. ೨೦೦೯ರಲ್ಲಿ ಅಮೆರಿಕದ ಒಂದು ವಾದ್ಯವೃಂದದವರು ಈ ಉಪಕರಣದ ಅತಿಬಳಕೆಯನ್ನು ಪ್ರತಿಭಟಿಸಿ ಗ್ರ್ಯಾಮಿ ಪ್ರಶಸ್ತಿಗಳ ಸಮಾರಂಭಕ್ಕೆ ಎದೆಯಮೇಲೆ ನೀಲಿ ಪಟ್ಟಿ ಧರಿಸಿ ಬಂದರು. ಅವರ ಅಳಲು ಈ ಜಾತಿಯದು. ಅದನ್ನು ಹಗುರವಾಗಿ ಕಾಣಲಾಗದು.

ವಂಚನೆಯಲ್ಲವೆನ್ನುವವರು ಕೇಳುತ್ತಾರೆ: ಕಲೆಯಲ್ಲಿ ಕೃತಕವಲ್ಲದುದು ಯಾವುದು? ಧ್ವನಿವರ್ಧಕವಿಲ್ಲದೆ ಪಿಸುದನಿಯ ಹಾಡು ಸಭೆಯ ಕೊನೆಗೆ ತಲುಪಿತೆ? ಹತ್ತು ಸಲ ಹಾಡಿಸಿ ಚೆನ್ನಾದ ತುಣುಕುಗಳನ್ನು ಆರಿಸಿ ಜೋಡಿಸುವ ಪದ್ಧತಿ ಈ ಯಂತ್ರಕ್ಕಿಂತ ಎಷ್ಟೋ ಹಳೆಯದು. ಅದನ್ನೆಲ್ಲ ನುಂಗಿದವರು ಇದೊಂದಕ್ಕೆ ಏಕೆ ಕೆಮ್ಮಬೇಕು?

ಎರಡು ಪಕ್ಷಗಳೂ ವಸ್ತುವಿನಲ್ಲಿ ಆದ ಬದಲಾವಣೆಯನ್ನೇ ಅಳೆಯುತ್ತಿವೆ ಎಂದು ನಮಗೆ ತೋರುತ್ತದೆ. ಒಂದು, ಬದಲಾವಣೆ ಹೆಚ್ಚಾಯಿತೆನ್ನುತ್ತದೆ. ಇನ್ನೊಂದು, ಎಲ್ಲದರಲ್ಲಿಯೂ ಬದಲಾವಣೆ ಇದ್ದೇ ಇದೆಯೆನ್ನುತ್ತದೆ. ಆದರೆ ಸುಳ್ಳಿನ ನೆಲೆ ಇರುವುದು ಇನ್ನೊಬ್ಬನ ಮನಸ್ಸಿನಲ್ಲಿ ನಾವು ಬಿತ್ತುವ ನಂಬಿಕೆಯಲ್ಲಿ. ಪಾರ್ತಿಸುಬ್ಬನ ನಾಡಾದ ಕುಂಬಳೆಯ ಸೀಮೆಯಲ್ಲಿ ರಾತ್ರಿಯಿಡೀ ಯಕ್ಷಗಾನ ನೋಡಿದವರು, ಮುಖಕ್ಕೆ ಬಣ್ಣ ಬಳಿದು ತಲೆಗೆ ಕಿರೀಟವಿಟ್ಟ ವೇಷಧಾರಿಯನ್ನು ಸುಳ್ಳುಗಾರನೆಂದು ಕರೆದುದಿಲ್ಲ. ಅಲ್ಲಿ ಬದಲಾವಣೆ ಅಡಿಯಿಂದ ಮುಡಿಯವರೆಗೆ ಇದೆ. ಮೋಸ ಎಳ್ಳಷ್ಟೂ ಇಲ್ಲ. ಹಿತ್ತಾಳೆಯ ಬಳೆಗೆ ಕೂದಲೆಳೆಯಷ್ಟು ತೆಳುವಾಗಿ ಚಿನ್ನದ ಬಣ್ಣ ಹಚ್ಚಿ ಮಾರುವವನಲ್ಲಿ ಬದಲಾವಣೆ ಅತ್ಯಲ್ಪ; ಮೋಸ ಪೂರ್ಣ. ಇದರಿಂದ ಒಂದು ವಿಚಿತ್ರವಾದ ತೀರ್ಮಾನ ಹೊರಡುತ್ತದೆ: ಯಂತ್ರವನ್ನು ಮಿತವಾಗಿ, ಯಾರಿಗೂ ತಿಳಿಯದಂತೆ ಬಳಸುವವನಿಗಿಂತ ಎಲ್ಲರಿಗೂ ಕೇಳಿಸುವಂತೆ ಒರಟಾಗಿ ಬಳಸುವವನು ಹೆಚ್ಚು ಪ್ರಾಮಾಣಿಕನಾಗಿರಬಹುದು. ಶೆರ್‌ಳ ಹಾಡು ವೇಷ ಕಟ್ಟಿ ಬಂದ ದನಿ. ಇದು ಗಂಟಲಿನಿಂದ ಹೊರಟಂತೆಯೇ ಉಳಿದಿಲ್ಲವೆಂಬುದನ್ನು ತಿಳಿಯಲು ಶಾಸ್ತ್ರಜ್ಞಾನ ಬೇಕಾಗಿರಲಿಲ್ಲ, ಕಿವಿಯೊಂದಿದ್ದರೆ ಸಾಕಾಗಿತ್ತು.

ಅದೇ ಉಪಕರಣ ಬೇರೆಡೆ ಸುಳ್ಳಿನ ಸಾಧನವಾದುದಕ್ಕೂ ನಿದರ್ಶನವಿದೆ. ೨೦೧೦ರಲ್ಲಿ ಇಂಗ್ಲೆಂಡಿನ ದೂರದರ್ಶನದ 'ಎಕ್ಸ್ ಫ್ಯಾಕ್ಟರ್' ಎಂಬ ಗಾನಸ್ಪರ್ಧೆಯಲ್ಲಿ ಅಭ್ಯರ್ಥಿಗಳ ದನಿಯನ್ನು ಪ್ರಸಾರಕ್ಕೆ ಮುನ್ನ ತಿದ್ದಲಾಗಿದೆಯೆಂದು ನೋಡುಗರು ಆಕ್ಷೇಪಿಸಿದರು. ಪ್ರಸಾರಕ್ಕೆ ಮುಂಚೆ ಸಂಸ್ಕಾರ ನಡೆದುದು ನಿಜವೆಂದು ಕಾರ್ಯಕ್ರಮದವರು ಒಪ್ಪಬೇಕಾಯಿತು. ಅಲ್ಲಿ ಕೂಗೆದ್ದುದು ನ್ಯಾಯ. ಸ್ಪರ್ಧೆಯೆಂದರೆ ಯಾರ ಕಂಠ ಎಂತಹುದೆಂದು ತೂಗಿನೋಡುವ ತಕ್ಕಡಿ. ತಕ್ಕಡಿಯ ತಟ್ಟೆಗೆ ಅಡಿಯಿಂದ ಮೇಣ ಮೆತ್ತುವುದು ಒಂದು ಗುಂಜಿಯಷ್ಟಾದರೂ ಅಪರಾಧವೇ. ಎಲ್ಲಿ ಜನರನ್ನು ತೀರ್ಪು ಕೊಡಿರೆಂದು ಕೇಳಲಾಗುವುದೋ ಅಲ್ಲಿ ಮರೆಯಲ್ಲಿ ತಿದ್ದುವ ಹಕ್ಕು ಯಾರಿಗೂ ಇಲ್ಲ.

ಇಲ್ಲಿ ಒಂದು ಆಕ್ಷೇಪಣೆಯನ್ನು ಎದುರಿಸಬೇಕು. ಹಾಡು ತನ್ನ ವೇಷವನ್ನು ಮರೆಮಾಡಲಿಲ್ಲ, ಸರಿ, ಹಾಡಿನವರು ಮರೆಮಾಡಲಿಲ್ಲವೆ? ೧೯೯೯ರಲ್ಲಿ ಇಂಗ್ಲೆಂಡಿನ ಒಂದು ಧ್ವನಿಮುದ್ರಣ ಪತ್ರಿಕೆಯವರು ಆ ದನಿ ಹೇಗೆ ಬಂದಿತೆಂದು ಕೇಳಿದಾಗ, ಅದು ವೋಕೋಡರ್ ಎಂಬ ಬೇರೊಂದು ಜಾತಿಯ ಉಪಕರಣದಿಂದ ಬಂದುದೆಂಬ ವಿವರಣೆ ಅವರಿಂದ ದೊರೆಯಿತು. ನಿಜಸ್ಥಿತಿ ಜನಜನಿತವಾದುದು ಅನಂತರ. ಕೈಗುಟ್ಟನ್ನು ಇತರರು ಅನುಕರಿಸದಂತೆ ಕಾಯ್ದುಕೊಳ್ಳುವುದು ಅವರ ಉದ್ದೇಶವಾಗಿತ್ತೆಂದು ಸಾಮಾನ್ಯವಾಗಿ ಭಾವಿಸಲಾಗಿದೆ.

ಗುಟ್ಟನ್ನು ಕಾಯುವುದು ತಪ್ಪಲ್ಲ. ಅಡುಗೆಯವನು ತನ್ನ ಸಾರಿನ ಪುಡಿಯ ಲೆಕ್ಕವನ್ನು ಹೇಳಲೇಬೇಕೆಂಬ ವಿಧಿಯಿಲ್ಲ, ಬಾಯಿ ಮುಚ್ಚಿಕೊಂಡಿರಬಹುದು. ಆದರೆ ಇಂಗು ಹಾಕಿ, ಬೆಳ್ಳುಳ್ಳಿ ಹಾಕಿದೆನೆನ್ನುವುದು ಬೇರೆ ಮಾತು. ಮೌನ ದಾರಿಯನ್ನು ತೋರಿಸುವುದಿಲ್ಲ. ಸುಳ್ಳು ತಪ್ಪುದಾರಿಯಲ್ಲಿ ಕೈಮರ ನೆಡುತ್ತದೆ. ಆ ಕೈಮರವನ್ನು ನಂಬಿದ ಕಿರಿಯ ಕಸಬುದಾರರು ಎಲ್ಲಿಗೂ ತಲುಪದ ಹಾದಿಯಲ್ಲಿ ನಡೆದಾರು. ಹಾನಿ ದೊಡ್ಡದಲ್ಲದಿರಬಹುದು, ತತ್ತ್ವ ಚಿಕ್ಕದಲ್ಲ. ಆದುದರಿಂದ ನಾವು ಇಲ್ಲಿ ಎರಡು ತೀರ್ಪುಗಳನ್ನು ಬೇರೆಬೇರೆಯಾಗಿ ಬರೆದಿಡಬಯಸುತ್ತೇವೆ. ಹಾಡು ಸತ್ಯವಂತ, ಹಾಡಿನ ಬಗೆಗೆ ಆಡಿದ ಮಾತು ಹಾಗಲ್ಲ. ಹಾಡಿನ ಗೆಲವು ಮಾತಿನ ಕೊರತೆಯನ್ನು ತೊಳೆಯಲಾರದು. ಮಾತಿನ ಕೊರತೆಗಾಗಿ ಹಾಡನ್ನು ಹಳಿಯುವುದೂ ಸಲ್ಲದು. ಒಳ್ಳೆಯ ಕೃತಿಯನ್ನು ಮಾಡಿದವರೆಲ್ಲ ಎಲ್ಲದರಲ್ಲಿಯೂ ಒಳ್ಳೆಯವರೆಂದೋ, ಒಂದು ತಪ್ಪು ಮಾಡಿದವರ ಕೃತಿಯೆಲ್ಲ ಹೊಲಸೆಂದೋ ಒಟ್ಟಾರೆ ತೀರ್ಮಾನಿಸುವುದು ವಿಚಾರದಲ್ಲಿ ಸೋಮಾರಿತನ.

ಮರೆಯೊಂದೇ ಮಾನದಂಡವಾದರೆ ಸಾಲದು. ಇನ್ನೊಂದುಂಟು: ದನಿಯ ಒಡೆಯರ ಸಮ್ಮತಿ. ೧೯೮೯ರಲ್ಲಿ ಇಟಲಿಯ ಒಂದು ತಂಡದವರು 'ರೈಡ್ ಆನ್ ಟೈಮ್' ಎಂಬ ನರ್ತನಗೀತವನ್ನು ಹೊರತಂದರು. ಅದೂ ಇಂಗ್ಲೆಂಡಿನಲ್ಲಿ ಮೊದಲನೆಯ ಸ್ಥಾನಕ್ಕೇರಿತು. ದೃಶ್ಯದಲ್ಲಿ ಒಬ್ಬ ಸುಂದರಿ ತುಟಿಯಾಡಿಸುತ್ತಿದ್ದಳು. ಕೇಳುತ್ತಿದ್ದ ಕಂಠ ಮಾತ್ರ ಲೊಲೀಟ ಹಾಲೋವೇ ಎಂಬ ಅಮೆರಿಕದ ಗಾಯಕಿ ೧೯೮೦ರಲ್ಲಿ ಹಾಡಿದ್ದ ಹಾಡಿನಿಂದ ಕತ್ತರಿಸಿ ತಂದುದು. ಆಕೆಯನ್ನು ಕೇಳಿರಲಿಲ್ಲ, ಆಕೆಯ ಹೆಸರನ್ನು ಹೇಳಿರಲಿಲ್ಲ. ಆಕೆ ನ್ಯಾಯವಾದಿಗಳ ಮೂಲಕ ತನ್ನ ಪಾಲನ್ನು ಕೇಳಿ ಪಡೆಯಬೇಕಾಯಿತು. ಅಲ್ಲಿ ಒಂದು ಸ್ವರವನ್ನೂ ಶ್ರುತಿಗಾಗಿ ತಿದ್ದಬೇಕಾಗಿರಲಿಲ್ಲ. ಕಂಠ ಸಹಜವೂ ಭವ್ಯವೂ ಆಗಿತ್ತು. ಆದರೂ ಅದು ಕಳವು. ನಮ್ಮ ದೇಶದಲ್ಲಿಯೂ ೧೯೪೯ರ 'ಮಹಲ್' ಚಿತ್ರದ ಪ್ರಸಿದ್ಧ ಗೀತದ ಧ್ವನಿಮುದ್ರಿಕೆಯ ಮೇಲೆ ಹಾಡಿದ ಲತಾ ಮಂಗೇಶ್ಕರರ ಹೆಸರಿಗೆ ಬದಲಾಗಿ ಕಥೆಯ ಪಾತ್ರದ ಹೆಸರು ಅಚ್ಚಾಗಿತ್ತು. ಹಿನ್ನೆಲೆಗಾಯಕರ ಹೆಸರನ್ನು ಹೇಳುವ ವಾಡಿಕೆ ನೆಲೆಗೊಂಡ ಬಳಿಕ ಅದೇ ಹಿನ್ನೆಲೆಗಾಯನ ಯಾರಿಗೂ ಮೋಸವೆನಿಸಲಿಲ್ಲ. ಶೆರ್‌ಳ ಸಂದರ್ಭದಲ್ಲಾದರೋ, ಮೂವತ್ತು ವರ್ಷಗಳಿಂದ ಲೋಕ ಬಲ್ಲ ತನ್ನ ತಗ್ಗುದನಿಯನ್ನು ಆಕೆ ತನ್ನ ಇಷ್ಟದಿಂದ ಯಂತ್ರಕ್ಕೊಪ್ಪಿಸಿದಳು. ಬೇಡವೆಂದವರಿಗೆ ಎದುರುನಿಂತು ಅದನ್ನು ಉಳಿಸಿಕೊಂಡಳು. ತಿದ್ದಿದ ದನಿ ಆಕೆಯದೇ ಆಗಿ ಉಳಿದುದಕ್ಕೆ ಇದು ಮುಖ್ಯ ಕಾರಣ.

ಮೂರನೆಯ ಮಾನದಂಡ ಎಲ್ಲಕ್ಕಿಂತ ಸೂಕ್ಷ್ಮವಾದುದು. ಯಂತ್ರ ತಪ್ಪನ್ನು ಕಂಡುಹಿಡಿಯುತ್ತದೆ ಎನ್ನುತ್ತೇವೆ. ವಾಸ್ತವವಾಗಿ ಅದು ಬಲ್ಲುದು ದೂರವನ್ನು ಮಾತ್ರ: ಈ ದನಿ ಗೊತ್ತಾದ ಮೆಟ್ಟಿಲಿನಿಂದ ಇಷ್ಟು ದೂರದಲ್ಲಿದೆ, ಅಷ್ಟೆ. ಮೆಟ್ಟಿಲುಗಳು ಎಲ್ಲಿರಬೇಕೆಂದು ಅದಕ್ಕೆ ಹೇಳಿಕೊಟ್ಟವನು ಮನುಷ್ಯ. ಪಾಶ್ಚಾತ್ಯರ ಹನ್ನೆರಡು ಸಮಾನ ಮೆಟ್ಟಿಲುಗಳ ಅಳತೆಗೆ ಅದನ್ನು ಹೊಂದಿಸಿ, ಕಾಲವನ್ನು ಕೊಡದಂತೆ ಬಿಗಿಮಾಡಿ, ಅದರ ಮುಂದೆ ಕರ್ಣಾಟಕ ಸಂಗೀತದ ವಿದ್ವಾಂಸರೊಬ್ಬರನ್ನು ಹಾಡಿಸಿದರೆ ಏನಾದೀತು? ಗಮಕವೆಂಬುದು ಸ್ವರದಿಂದ ಸ್ವರಕ್ಕೆ ತೂಗಾಡುತ್ತ ಸಾಗುವ ನಡೆ. ತೋಡಿಯ ಗಾಂಧಾರ ಮೆಟ್ಟಿಲಿನ ಮೇಲೆ ಕಾಲೂರಿ ನಿಲ್ಲುವಂತಹುದಲ್ಲ; ತೂಗುವುದರಲ್ಲಿಯೇ ಅದರ ಜೀವವಿದೆ. ಯಂತ್ರ ಆ ತೂಗಾಟವನ್ನು ಚೂರುಚೂರಾಗಿ ಕಡಿದು ಮೆಟ್ಟಿಲುಗಳ ಮೇಲೆ ಜೋಡಿಸೀತು. ತಾನು ನೂರು ತಪ್ಪುಗಳನ್ನು ಸರಿಪಡಿಸಿದೆನೆಂದೇ ಅದರ ಲೆಕ್ಕ. ಅದಕ್ಕೆ ದ್ವೇಷವೇನೂ ಇಲ್ಲ. ಒಂದು ಸಂಗೀತಕ್ಕೆ ಸಲ್ಲುವ ಅಳತೆಯನ್ನು ಇನ್ನೊಂದರ ಮೇಲೆ ಇಟ್ಟವನೇ ಇದಕ್ಕೆ ಹೊಣೆ. ಆ ಹಾಡಿನ ಸಂಗೀತ ಮಾತ್ರ ಹನ್ನೆರಡು ಮೆಟ್ಟಿಲುಗಳದೇ ಆಗಿತ್ತು. ಅಳತೆ ಹೊರಗಿನಿಂದ ಬಂದುದಲ್ಲ.

ದೂರದ ಪ್ರಯಾಣ ಇಲ್ಲಿಗೆ ಸಾಕು. ಈ ಮೂರು ಮಾನದಂಡಗಳನ್ನು ಹಿಡಿದುಕೊಂಡು ನಮ್ಮ ತರಗತಿಯ ಬಾಗಿಲಿಗೆ ಬರೋಣ. ೧೯೫೬ರ ರಾಜ್ಯ ಪುನರ್ವಿಂಗಡಣೆಯ ಗೆರೆಗಳಾಚೆ ಉಳಿದ ನಮ್ಮ ಕನ್ನಡ ಶಾಲೆಗಳ ಮಕ್ಕಳು ಒಂದೇ ಶ್ರುತಿಯಿಂದ ಬರುವವರಲ್ಲ. ಕಾಸರಗೋಡಿನ ಮಗುವಿನ ಮನೆಯಲ್ಲಿ ತುಳುವೋ ಹವ್ಯಕವೋ ಮಲಯಾಳವೋ ಇರುತ್ತದೆ. ಅಕ್ಕಲಕೋಟೆಯ ಮಗುವಿನ ಕನ್ನಡದ ಬೆನ್ನಿಗೆ ಮರಾಠಿ, ಆದವಾನಿಯದರ ಬೆನ್ನಿಗೆ ತೆಲುಗು, ತಾಳವಾಡಿಯದರ ಬೆನ್ನಿಗೆ ತಮಿಳು ನಿಂತಿರುತ್ತದೆ. ಈ ಮಕ್ಕಳ ಬರೆಹದಲ್ಲಿ ಎರಡು ಬಗೆಯ ವ್ಯತ್ಯಾಸಗಳು ಕಾಣುತ್ತವೆ. ಹಕಾರ ಬಿಡುವುದು, ಒತ್ತಕ್ಷರ ತಪ್ಪುವುದು ಮುಂತಾದುವು ನಿಜವಾದ ತಪ್ಪುಗಳು. ಅವನ್ನು ತಿದ್ದದೆ ಬಿಡುವುದು ಕರುಣೆಯಲ್ಲ, ಕರ್ತವ್ಯಲೋಪ. ಎರಡನೆಯ ಬಗೆ ಗಮಕದಂತಹುದು. ಒಂದು ಉದಾಹರಣೆ ಸಾಕು. ಕನ್ನಡ ಪಠ್ಯದಲ್ಲಿ 'ನಾವು' ಎಂಬ ಪದ ಒಂದೇ. ತುಳುವಿನಲ್ಲಿ ಎರಡಿವೆ: ಕೇಳುವವನನ್ನೂ ಸೇರಿಸಿಕೊಂಡರೆ 'ನಮ', ಅವನನ್ನು ಬಿಟ್ಟರೆ 'ಎಂಕುಲು'. ಮಲಯಾಳದಲ್ಲಿಯೂ 'ನಮ್ಮಳ್' ಬೇರೆ, 'ಞಙ್ಙಳ್' ಬೇರೆ. ಈ ಭೇದವನ್ನು ತಾಯಹಾಲಿನೊಡನೆ ಕಲಿತ ಮಗು ಕನ್ನಡ ಬರೆಯುವಾಗ, 'ನಾವು ಮನೆಯವರು ಮಾತ್ರ', 'ನಾವು ನೀವು ಎಲ್ಲ' ಎಂದು ಸುತ್ತುಬಳಸಿ ಅದನ್ನು ಉಳಿಸಿಕೊಳ್ಳಲೆತ್ನಿಸಿದರೆ, ಅದನ್ನು ಪುನರುಕ್ತಿಯೆಂದು ಗೆರೆಯೆಳೆದು ಹೊಡೆದುಹಾಕುವುದು ಸುಲಭ. ಹಾಗೆ ಹೊಡೆದಾಗ ಅಳಿಸಿದುದು ತಪ್ಪನ್ನೋ, ನಮ್ಮ ಅಳತೆಗೋಲಿನಲ್ಲಿ ಗುರುತಿಲ್ಲದ ಒಂದು ಸ್ವರವನ್ನೋ ಎಂದು ಲೇಖನಿಯನ್ನು ಎತ್ತುವ ಮೊದಲು ಕೇಳಿಕೊಳ್ಳಬೇಕಲ್ಲವೆ? ಪರೀಕ್ಷೆಯ ಉತ್ತರದಲ್ಲಿ ಗ್ರಂಥಭಾಷೆಯನ್ನೇ ಬಳಸೆಂದು ಹೇಳೋಣ. ಅದು ಆ ಸಭೆಯ ಶ್ರುತಿ. ಆದರೆ ನಿನ್ನ ಮನೆಯ ಶ್ರುತಿ ಅಪಶ್ರುತಿಯೆಂದು ಮಗುವಿಗೆ ಹೇಳುವ ಅಧಿಕಾರ ನಮಗೆ ಎಲ್ಲಿಯದು?

ತಿದ್ದುವ ವೇಗದ ಮಾತೂ ಇಲ್ಲಿ ಅನ್ವಯಿಸುತ್ತದೆ. ಮಗು ಬಾಯಿ ತೆರೆದೊಡನೆಯೇ ತಿದ್ದಿದರೆ ಅದು ಜಾರನ್ನು ಕಳೆದುಕೊಂಡು ಮೆಟ್ಟಿಲುಗಳ ಮೇಲೆ ಮಾತ್ರ ನೆಗೆಯಲು ಕಲಿಯುತ್ತದೆ. ಪುಸ್ತಕದ ವಾಕ್ಯಗಳನ್ನು ನಿರ್ದೋಷವಾಗಿ ಒಪ್ಪಿಸುತ್ತದೆ, ಸ್ವಂತ ವಾಕ್ಯವೊಂದನ್ನೂ ಕಟ್ಟುವುದಿಲ್ಲ. ಇಂತಹ ಮಕ್ಕಳನ್ನು ಮೇಲಧಿಕಾರಿಗಳ ತನಿಖೆಯ ದಿನ ಮುಂದಿನ ಬೆಂಚಿನಲ್ಲಿ ಕೂರಿಸುವುದುಂಟು. ಕಾಲಕೊಟ್ಟು ತಿದ್ದಿದವರ ಮಕ್ಕಳು ಆ ದಿನ ಅಷ್ಟು ಮಿಂಚದಿರಬಹುದು.

ಎಲ್ಲಕ್ಕಿಂತ ಮಿಗಿಲಾಗಿ ನಮ್ಮನ್ನು ಚುಚ್ಚಬೇಕಾದುದು ಮರೆಯ ತಿದ್ದುಗೆ. ಶಾಲೆಯ ವಾರ್ಷಿಕ ಸಂಚಿಕೆಗೆ, ಸಂಘದ ಪ್ರಬಂಧಸ್ಪರ್ಧೆಗೆ, ನಾಡಹಬ್ಬದ ಭಾಷಣಕ್ಕೆ ಮಕ್ಕಳ ಹೆಸರಿನಲ್ಲಿ ಹೋಗುವ ಬರೆಹಗಳಲ್ಲಿ ಎಷ್ಟು ಪಾಲು ಮಕ್ಕಳದು? ಒಳ್ಳೆಯ ಉದ್ದೇಶದಿಂದಲೇ ಉಪಾಧ್ಯಾಯರು ಒಂದು ವಾಕ್ಯ ಸೇರಿಸುತ್ತಾರೆ, ಪೋಷಕರು ಒಂದು ಪರಿಚ್ಛೇದ ಸೇರಿಸುತ್ತಾರೆ. ಇಂದಂತೂ ಕೇಳಿದೊಡನೆ ಯಂತ್ರವೇ ಅಚ್ಚುಕಟ್ಟಾದ ಪ್ರಬಂಧವನ್ನು ಬರೆದುಕೊಡುವ ಕಾಲ. ಹೀಗೆ ಸಿದ್ಧವಾದುದನ್ನು ತಕ್ಕಡಿಗಿಟ್ಟು ಬಹುಮಾನ ಕೊಟ್ಟರೆ ಸೋತ ಮಕ್ಕಳಿಗೆ ಅನ್ಯಾಯವಾಗುವುದು ಸ್ಪಷ್ಟ. ಗೆದ್ದ ಮಗುವಿಗೆ ಆಗುವ ಅನ್ಯಾಯ ಅದಕ್ಕಿಂತ ಆಳವಾದುದು. ವೇದಿಕೆಯ ಮೇಲೆ ಚಪ್ಪಾಳೆ ಬೀಳುತ್ತಿರುವಾಗ ಆ ಮಗುವಿಗೆ ಗೊತ್ತಿದೆ, ಇದು ತನಗಲ್ಲವೆಂದು. ತನ್ನ ಸ್ವಂತ ದನಿ ಸಭೆಗೆ ಯೋಗ್ಯವಲ್ಲವೆಂಬ ಪಾಠವನ್ನು ಅದು ಚಪ್ಪಾಳೆಯ ನಡುವೆಯೇ ಕಲಿಯುತ್ತದೆ. ಗಡಿಯಾಚೆಯ ಕನ್ನಡ ಮಗುವಿಗೆ ಈ ಪಾಠವನ್ನು ಕಲಿಸಲು ಲೋಕದಲ್ಲಿ ಬೇರೆ ಬೇಕಾದಷ್ಟು ಗುರುಗಳಿದ್ದಾರೆ. ನಾವೂ ಆ ಸಾಲಿಗೆ ಸೇರಬೇಕೆ?

ಹಾಗಾದರೆ ತಿದ್ದಲೇಬಾರದೆ ಎಂದು ಕೇಳುವವರಿದ್ದಾರೆ. ತಿದ್ದಬೇಕು, ಮಗುವಿನ ಮುಂದೆ ತಿದ್ದಬೇಕು, ಮಗುವನ್ನು ಕೇಳಿ ತಿದ್ದಬೇಕು, ಮಗುವಿನ ಸಂಗೀತಕ್ಕೆ ಸಲ್ಲುವ ಅಳತೆಯಿಂದ ತಿದ್ದಬೇಕು. ತಿದ್ದು ಎಂಬ ಕ್ರಿಯಾಪದದ ಎರಡು ಅರ್ಥಗಳಲ್ಲಿ ಯಂತ್ರ ಬಲ್ಲುದು ಒಂದನ್ನು ಮಾತ್ರ. ಅದು ನಾದವನ್ನು ತಿದ್ದುತ್ತದೆ, ಗಂಟಲನ್ನು ತಿದ್ದಲಾರದು. ಮರುದಿನ ಗಾಯಕಿ ಹಾಡಲು ನಿಂತಾಗ ಗಂಟಲು ಇದ್ದಂತೆಯೇ ಇರುತ್ತದೆ. ಬರೆಯುವ ಕೈಯನ್ನೇ ಪಳಗಿಸುವ ಎರಡನೆಯ ತಿದ್ದುಗೆ ಉಪಾಧ್ಯಾಯನೊಬ್ಬನಿಂದ ಮಾತ್ರ ಆಗತಕ್ಕ ಕೆಲಸ. ಅದು ನಿಧಾನ, ಅದರ ಫಲ ಸಂಚಿಕೆಯ ಪುಟದಲ್ಲಿ ಕೂಡಲೆ ಕಾಣುವುದಿಲ್ಲ.

ಇದನ್ನು ಓದುತ್ತಿರುವ ವಿದ್ಯಾರ್ಥಿಗಳಿಗೂ ಒಂದು ಮಾತು. ನಿಮ್ಮ ಪ್ರಬಂಧವನ್ನು ಹಿರಿಯರು ತಿದ್ದಿಕೊಟ್ಟರೆ, ಯಾವ ಪದವನ್ನು ಏಕೆ ತೆಗೆದಿರೆಂದು ವಿನಯದಿಂದ ಕೇಳಿರಿ, ಕೇಳುವುದು ಅವಿಧೇಯತೆಯಲ್ಲ. ಸಂಚಿಕೆಗಳನ್ನು ಸಿದ್ಧಪಡಿಸುವ ಮಿತ್ರರಲ್ಲಿ ನಮ್ಮ ವಿಜ್ಞಾಪನೆ ಇಷ್ಟೆ: ಮುಂದಿನ ಸಲ ಮಕ್ಕಳ ಬರೆಹವನ್ನು ಅಚ್ಚಿಗೆ ಕಳುಹಿಸುವ ಮುನ್ನ ತಿದ್ದಿದ ಪ್ರತಿಯನ್ನು ಒಮ್ಮೆ ಬರೆದ ಮಗುವಿನ ಕೈಗೆ ಕೊಟ್ಟು, ಇದು ನಿನ್ನದೇ ಎಂದು ನಿನಗೆ ತೋರುವುದೇ ಎಂದು ಕೇಳಿರಿ. ಅಲ್ಲವೆಂದು ಮಗು ತಲೆಯಾಡಿಸಿದರೆ, ಎರಡು ಒತ್ತಕ್ಷರಗಳು ಹೆಚ್ಚುಕಡಮೆಯಾದರೂ ಚಿಂತೆಯಿಲ್ಲ, ಮೊದಲನೆಯ ಪ್ರತಿಯನ್ನೇ ಮತ್ತೆ ಮುಂದಿಟ್ಟುಕೊಂಡು ಇಬ್ಬರೂ ಕೂಡಿ ತೊಡಗಿರಿ.